ಮೂರನೇ ಕೈ

ಮಾರ್ಚ್ 4

ಅಮ್ಮಾ,

ಫೋನ್ ಮಾಡಲಿಲ್ಲವೆಂದು ಮುನಿಸಿಕೊಳ್ಳಬೇಡ. ನಾಲ್ಕು ದಿನ ಬಾಯಿಗೆ ಬೀಗ ಹಾಕಿಕೊಂಡಿರಿ ಎಂದು ಗಂಟಲಿನ ಡಾಕ್ಟರು ಹೇಳಿದ್ದಾರೆ. ಬೀಗ ತೆಗೆದರೂ ಫೋನಿನಲ್ಲಿ ನಿನಗೆ ಕೇಳಿಸುವುದು ಅಷ್ಟಕ್ಕಷ್ಟೇ. ಹೋದ ಸಲ ನನಗೆ ಜ್ವರ ಎಂದರೆ ನೀನು "ಒಳ್ಳೇದಾಯ್ತು ಬಿಡು" ಎಂದು ಫೋನಿಟ್ಟೆ. ಕಿವಿಯ ಯಂತ್ರ ಕೊಡಿಸಿದ್ದು ಸೂಜಿ ಡಬ್ಬಿಯಲ್ಲಿ ಇಡುವುದಕ್ಕಲ್ಲ.

ಹೋಟೆಲಿನ ಕೋಣೆಯಲ್ಲಿ ಕೂತು ಬರೆಯುತ್ತಿದ್ದೇನೆ. ಪಕ್ಕದ ಹಾಸಿಗೆಯಲ್ಲಿ, ನಾವು ಕೀರಲು ಎಂದು ಕರೆಯುವವಳು ತಲೆಯ ಮೇಲೆ ಟವೆಲ್ ಹೊದ್ದು ಬಿಸಿನೀರಿನ ಆವಿ ಎಳೆದುಕೊಳ್ಳುತ್ತಿದ್ದಾಳೆ. ಹಿಂದೆ ನಿಂತು ಹಾಡುವ ನಮ್ಮ ಮೂವರಲ್ಲಿ ಅವಳದು ಮೇಲಿನ ಸ್ವರ, ದೊಡ್ಡಕ್ಕನದು ಕೆಳಗಿನದು, ನಡುವೆ ನಾನು. ಮುಂದೆ ದೀಪದಲ್ಲಿ ನಿಂತು ಹಾಡುವವಳು ಯಜಮಾನಿ. ಹನ್ನೊಂದು ವರ್ಷದಿಂದ ನಾನು ನೋಡುತ್ತಿರುವುದು ಅವಳ ಬೆನ್ನನ್ನೇ. ಆ ಬೆನ್ನು ಮೊನ್ನೆ ಮೊದಲ ಸಲ ನನ್ನ ಕಡೆ ತಿರುಗಿತು. ಸೆಪ್ಟೆಂಬರಿನ ಕೊನೆಯ ಕಾರ್ಯಕ್ರಮದಲ್ಲಿ ಅವಳು ಬಟ್ಟೆ ಬದಲಿಸಿ ಬರಲು ಒಂದೂವರೆ ನಿಮಿಷ ಬೇಕಂತೆ. "ಆ ಹೊತ್ತು ನೀನೊಬ್ಳೇ ಹಾಡು. ಮಾತು ಬೇಡ, ಬರೀ ರಾಗ. ಆದ್ರೆ ನಿಂದೇ ಆಗಿರ್ಬೇಕು, ಎಲ್ಲಿಂದಲೋ ಎತ್ಕೊಂಡು ಬಂದಿದ್ದು ಬೇಡ" ಎಂದಳು. ಮ್ಯಾನೇಜರ್ ಒಂದು ಹಾಳೆ ಕೊಟ್ಟಿದ್ದಾನೆ. ಅದರಲ್ಲಿ 'ರಾಗ ಯಾರದು' ಎಂದು ಒಂದು ಖಾಲಿ ಜಾಗವಿದೆ.

ನನ್ನದು ಎನ್ನುವ ರಾಗ ಒಂದೇ ಇದೆ ಅಮ್ಮ. ಅದೂ ನನ್ನದಲ್ಲ, ಅಪ್ಪನದು. ನಿನಗೆ ಯಾವತ್ತೂ ಹೇಳಿಲ್ಲ. ನಾನು ಅಪ್ಪನ ತೊಡೆಯ ಮೇಲಿದ್ದೇನೆ. ಹಸಿರು ಸರಳಿನ ಕಿಟಕಿ. ಬಹಳ ಸೆಖೆ. ಅಪ್ಪ ಗುನುಗುತ್ತಿದ್ದಾರೆ. ಮುಖ ಕಾಣುವುದಿಲ್ಲ, ಅಂಗಿಯ ಎರಡನೇ ಗುಂಡಿ ಮಾತ್ರ ಕಾಣುತ್ತದೆ. ಒಂದು ಕೈ ನನ್ನ ಬೆನ್ನು ತಟ್ಟುತ್ತಿದೆ, ಒಂದು ಕೈ ತಲೆ ಸವರುತ್ತಿದೆ. ಇನ್ನೊಂದು ಕೈ ನನ್ನ ಎಡಗಾಲಿನ ಹೆಬ್ಬೆರಳನ್ನು ಹಿಡಿದಿದೆ. ನನ್ನ ಅಪ್ಪನಿಗೆ ಮೂರು ಕೈಯಿತ್ತೇ?

ನಗಬೇಡ. ಅವರದು ಎಂದು ನನ್ನ ಬಳಿ ಇರುವುದು ಇದೊಂದೇ. ಫೋಟೋದಲ್ಲಿ ನೋಡಿದರೆ ಗಡಿಯಾರ ರಿಪೇರಿಯ ಭೂತಗನ್ನಡಿ ಅರ್ಧ ಮುಖ ನುಂಗಿದೆ. ಆ ರಾಗ ಅಪ್ಪನದೇ ಎಂದು ನೀನು ಒಂದು ಮಾತು ಬರೆದರೆ ಸಾಕು, ಧೈರ್ಯವಾಗಿ ಹಾಡುತ್ತೇನೆ.

ನಿನ್ನ
ಗುಬ್ಬಿ


ಮಾರ್ಚ್ 19

ಗುಬ್ಬೀ,

ನಿನ್ನ ಕಾಗದ ಬಂದು ಎಂಟು ದಿನವಾಯಿತು. ಏಪ್ರಿಲ್ಲಿಗೇ ತೆರೆಯುವ ಶಾಲೆಗಳವರ ಗಡಿಬಿಡಿ, ಸಮವಸ್ತ್ರಗಳ ರಾಶಿ ನನಗಿಂತ ಎತ್ತರವಿದೆ. ಹೋದ ವರ್ಷ ಅಂಚು ಬಿಚ್ಚಿ ಉದ್ದ ಮಾಡಿಸಿಕೊಂಡು ಹೋದ ಮಕ್ಕಳು ಈ ವರ್ಷ ಮತ್ತೆ ಬಂದು ನಿಂತಿವೆ. ಬಿಚ್ಚಲು ಬಟ್ಟೆಯೇ ಉಳಿದಿಲ್ಲ. ಮಕ್ಕಳು ಬೆಳೆಯುವುದನ್ನು ಯಾರಾದರೂ ಒಂದು ವರ್ಷ ನಿಲ್ಲಿಸಿದರೆ ನನ್ನ ಬೆನ್ನು ನೆಟ್ಟಗಾದೀತು.

ಮೊನ್ನೆ ಒಬ್ಬ ಹೆಂಗಸು ಜಿಪ್ ಹಾಕಿಸಲು ಬಂದವಳು ಗೋಡೆಯ ಮೇಲಿನ, ನೀನು ಮಗುವಾಗಿದ್ದಾಗ ನಟಿಸಿದ ಸಿನಿಮಾದ ಪೋಸ್ಟರ್ ನೋಡಿ, "ಇವ್ಳು ಆ ಬಾಗಿಲು ಪುಟ್ಟಿ ಅಲ್ವಾ, ನಿಮ್ಮ ಮಗಳಾ? ಈಗ ಏನ್ ಮಾಡ್ತಾಳೆ?" ಎಂದಳು. ಹಾಡುತ್ತಾಳೆ, ಹಿಂದೆ ನಿಂತು, ಎಂದೆ. "ಯಾಕೆ, ಮುಂದೆ ಜಾಗ ಇರ್ಲಿಲ್ವಾ?" ಎಂದಳು. ಆ ಜಿಪ್ಪನ್ನು ನಾನು ಇನ್ನೂ ಮುಟ್ಟಿಲ್ಲ.

ನೀನು ಕೇಳಿದ್ದು ನಿನ್ನ ಅಪ್ಪನದೇ. ಅನುಮಾನ ಬೇಡ. ಅವರು ಬಹಳ ಚೆನ್ನಾಗಿ ಹಾಡುತ್ತಿದ್ದರು. ಬೀದಿಯವರೆಲ್ಲ ನಿಂತು ಕೇಳುತ್ತಿದ್ದರು. ಮೂರು ಕೈ ಯಾರಿಗೂ ಇರುವುದಿಲ್ಲ. ನೀನು ಸುಮ್ಮನೆ ಕಾಲು ಕುಣಿಸುತ್ತಿದ್ದೆ, ಒಂದು ಕೈಯಲ್ಲಿ ಬೆನ್ನು ತಟ್ಟುತ್ತ ಇನ್ನೊಂದರಲ್ಲಿ ಕಾಲು ಹಿಡಿದುಕೊಳ್ಳುತ್ತಿದ್ದರು. ಹಾಳೆಯಲ್ಲಿ ಅವರ ಹೆಸರು ಬರೆದುಬಿಡು.

ಆವಿ ತೆಗೆದುಕೊ. ತಣ್ಣಗಿನದು ಕುಡಿಯಬೇಡ.

ಅಮ್ಮ


ಏಪ್ರಿಲ್ 11

ಅಮ್ಮಾ,

ಹೆಸರು ಬರೆಯಲು ಪೆನ್ನು ತೆಗೆದೆ, ಬರೆಯಲಾಗಲಿಲ್ಲ. ನಿನ್ನ ಕಾಗದ ಓದಿದ ಮೇಲೆ ತಲೆ ಇನ್ನಷ್ಟು ಗೋಜಲಾಗಿದೆ.

ನೀನು ಕೈಗಳ ಲೆಕ್ಕದಲ್ಲಿ ಒಂದನ್ನು ಬಿಟ್ಟಿದ್ದೀಯ. ತಲೆ ಸವರುತ್ತಿದ್ದ ಕೈ. ಬೇಕೆಂದೇ ಬಿಟ್ಟೆಯೋ ಮರೆತೆಯೋ ಗೊತ್ತಿಲ್ಲ. ಮತ್ತೆ, ಅಪ್ಪ ಹಾಡಿದರೆ ಬೀದಿಯವರು ನಿಂತು ಕೇಳುತ್ತಿದ್ದರು ಎನ್ನುತ್ತೀಯ. ಅತ್ತೆ ಬದುಕಿದ್ದಾಗ ನನ್ನೆದುರಿಗೇ ಹೇಳಿದ್ದರು, "ನಮ್ಮಣ್ಣ ಬಾಯಿ ಬಿಟ್ರೆ ಮಲಗಿರೋ ನಾಯಿ ಎದ್ದು ಹೋಗ್ತಿತ್ತು" ಎಂದು. ನೀನೂ ಪಕ್ಕದಲ್ಲಿ ಕೂತು ನಕ್ಕಿದ್ದೆ. ಒಡಹುಟ್ಟಿದವಳ ಮಾತು ನಂಬಲೋ, ಕಟ್ಟಿಕೊಂಡವಳ ಮಾತು ನಂಬಲೋ?

ಇನ್ನೊಂದು ಸಂಗತಿ. ರಾಗವನ್ನು ಇವರಿಬ್ಬರಿಗೆ ಹಾಡಿ ತೋರಿಸಿದೆ. ದೊಡ್ಡಕ್ಕ ಕಣ್ಣು ಮುಚ್ಚಿ ಕೇಳಿ, "ನಾಲ್ಕನೇ ತಿರುವಿನಲ್ಲಿ ಸ್ವರ ಕೆಳಗೆ ಜಾರ್ತಿದೆ, ಸರಿ ಮಾಡ್ಕೋ" ಎಂದಳು. ಹತ್ತು ಸಲ ಪ್ರಯತ್ನಿಸಿದೆ. ಸರಿ ಮಾಡಿದರೆ ಅದು ಬೇರೆ ಯಾರದೋ ಹಾಡಾಗುತ್ತದೆ. ಕೀರಲು ಇನ್ನೊಂದು ಕಂಡುಹಿಡಿದಳು. ನಮ್ಮ ಕೆಲಸದಲ್ಲಿ ಉಸಿರಿಗೂ ಸರದಿಯುಂಟು. ಮೂವರೂ ಒಂದೇ ಕಡೆ ಉಸಿರು ತೆಗೆದುಕೊಂಡರೆ ಹಾಡಿನಲ್ಲಿ ತೂತು ಬೀಳುತ್ತದೆ. ಒಬ್ಬಳು ತೆಗೆದುಕೊಳ್ಳುವಾಗ ಇಬ್ಬರು ಹಿಡಿದುಕೊಂಡಿರಬೇಕು. ಅದಕ್ಕೆ ಅವಳ ಕಿವಿ ಮೊದಲು ಹೋಗುವುದು ಉಸಿರಿನ ಕಡೆಗೇ. "ಇದೇನೇ, ಸಾಲಿನ ನಡುವೆ ಕತ್ತರಿಸ್ತೀಯಲ್ಲ? ಹಾಡೋರು ಯಾರಾದ್ರೂ ಅಲ್ಲಿ ಉಸಿರು ತಗೋತಾರಾ?" ಎಂದಳು. ಹೌದು, ಯಾರೂ ತೆಗೆದುಕೊಳ್ಳುವುದಿಲ್ಲ. ಆದರೆ ನನ್ನ ಕಿವಿಯಲ್ಲಿರುವುದು ಹಾಗೆಯೇ ಇದೆ, ನಡುವೆ ಕತ್ತರಿಸಿ, ಮತ್ತೆ ಎಲ್ಲೋ ಹಿಡಿದುಕೊಳ್ಳುವಂತೆ.

ನಮ್ಮ ಮನೆಯ ಕಿಟಕಿಗೆ ಹಸಿರು ಬಣ್ಣ ಯಾವತ್ತೂ ಇರಲಿಲ್ಲ. ಆ ಸೆಖೆ ಬಿಸಿಲಿನದಲ್ಲ, ಒಂದೇ ಕಡೆಯಿಂದ ಬರುತ್ತಿತ್ತು. ಹೊಸ ಬಣ್ಣದ, ಅಂಟಿನ ವಾಸನೆಯೂ ಇತ್ತು. ಅಡ್ಡಗೋಡೆಯ ಮೇಲೆ ದೀಪ ಇಡಬೇಡ ಅಮ್ಮ. ನನಗೆ ಈಗ ಹೆದರಿಕೆಯಾಗುತ್ತಿದೆ.

ಗುಬ್ಬಿ


ಏಪ್ರಿಲ್ 28

ಗುಬ್ಬೀ,

ನಿನಗೆ ತಿಳಿಯದ ವಯಸ್ಸಿನಲ್ಲಿ ಒಂದು ಬಾಡಿಗೆ ಮನೆಯಲ್ಲಿದ್ದೆವು. ಅದರ ಕಿಟಕಿ ಹಸಿರು. ನಿನ್ನ ಅತ್ತೆಗೆ ನಿನ್ನ ಅಪ್ಪನ ಮೇಲೆ ಸಿಟ್ಟಿತ್ತು, ಏನೇನೋ ಹೇಳುತ್ತಿದ್ದಳು. ಇಷ್ಟು ವರ್ಷದ ಮೇಲೆ ಹೊಲಿಗೆ ಬಿಚ್ಚಿ ನೋಡಿದರೆ ಬಟ್ಟೆ ಹರಿಯುತ್ತದೆ ಅಷ್ಟೇ. ಹಾಡುವುದಾದರೆ ಹಾಡು, ಇಲ್ಲದಿದ್ದರೆ ಬೇರೆ ಯಾವುದಾದರೂ ಕಲಿತುಕೊ.

ಮಂಡಿನೋವು ಇದ್ದೇ ಇದೆ. ಯಂತ್ರ ಕಿವಿಯಲ್ಲಿ ಇಟ್ಟುಕೊಂಡಿದ್ದೇನೆ, ಕುಯ್ ಎನ್ನುತ್ತದೆ.

ಅಮ್ಮ


ಜೂನ್ 2

ಅಮ್ಮನಿಗೆ,

ಇವತ್ತು ಡಾಕ್ಟರ ಹತ್ತಿರ ಹೋಗಿದ್ದೆ. ಕಾಯುವ ಕೋಣೆಯ ಟಿವಿಯಲ್ಲಿ ನಮ್ಮ ಸಿನಿಮಾ ಹಾಕಿದ್ದರು. ನಾನು ಅದನ್ನು ಪೂರ್ತಿ ಯಾವತ್ತೂ ನೋಡಿಲ್ಲವೆಂದು ನಿನಗೆ ಗೊತ್ತು. ನೋಡಲು ಹೊರಟಾಗಲೆಲ್ಲ ನೀನೇ ಏನಾದರೊಂದು ಕೆಲಸ ಹೇಳುತ್ತಿದ್ದೆ. ನನ್ನ ಪಕ್ಕ ಕೆಮ್ಮುವ ತಾತ ಒಬ್ಬರು, ಕಿವಿಗೆ ಹತ್ತಿ ಇಟ್ಟ ಹುಡುಗಿ ಒಬ್ಬಳು. ತೆರೆಯ ಮೇಲೆ ಬಾಗಿಲ ಸಂದಿಯಿಂದ ಇಣುಕುವ ನಾನು. ಯಾರೂ ಗುರುತಿಸಲಿಲ್ಲ.

ಆಮೇಲೆ ಹಸಿರು ಕಿಟಕಿ ಬಂತು.

ಅದೇ ಸರಳು. ಮಂಚದ ಮೇಲೆ ಸಿನಿಮಾದ ಅಪ್ಪ, ಅವನ ತೊಡೆಯ ಮೇಲೆ ನಾನು. ಅಂಗಿಯ ಎರಡನೇ ಗುಂಡಿ ನನ್ನ ಕಣ್ಣಿನ ಮುಂದೆ. ಒಂದು ಕೈ ಬೆನ್ನಿನ ಮೇಲೆ, ಒಂದು ಕೈ ತಲೆಯ ಮೇಲೆ. ಎಡಗಾಲು ಮಂಚದಿಂದ ಇಳಿಬಿದ್ದು ಹಾಸಿಗೆ ಬಟ್ಟೆಯ ಹಿಂದೆ ಹೋಗಿದೆ, ಕಾಣುವುದಿಲ್ಲ. ಗುನುಗು ಇಲ್ಲವೇ ಇಲ್ಲ, ಬರೀ ಪಿಟೀಲು. ನರ್ಸ್ ನನ್ನನ್ನು ಮೂರು ಸಲ ಕರೆದಳಂತೆ.

ನನ್ನ ಅಪ್ಪ ಎಂದು ಇಪ್ಪತ್ತೊಂಬತ್ತು ವರ್ಷ ಎದೆಯಲ್ಲಿ ಇಟ್ಟುಕೊಂಡವನು ಸಂಬಳಕ್ಕೆ ಅಪ್ಪನಾದವನು. ಎಷ್ಟೋ ಊರುಗಳಲ್ಲಿ, ನಿದ್ದೆ ಬಾರದ ಬಸ್ಸಿನಲ್ಲಿ, ನಾನು ಆ ಗುಂಡಿಯನ್ನು ನೆನೆಸಿಕೊಂಡು ಸಮಾಧಾನ ಮಾಡಿಕೊಂಡಿದ್ದೇನೆ. ನಿನಗೆ ಮೊದಲ ಕಾಗದದಲ್ಲೇ ಗೊತ್ತಾಗಿತ್ತು. ಆದರೂ ಬಾಡಿಗೆ ಮನೆ ಕಟ್ಟಿದೆ, ಕಿಟಕಿಗೆ ಹಸಿರು ಬಳಿದೆ, ಬೀದಿಯವರನ್ನು ಕರೆತಂದು ನಿಲ್ಲಿಸಿದೆ. ನನ್ನ ಕಿವಿಗೆ ಹೂವಿಟ್ಟೆ. ಆ ಹಾಳೆಯಲ್ಲಿ ಅಪ್ಪನ ಹೆಸರು ಬರೆದು ಎಲ್ಲರೆದುರು ಹಾಡಿದ್ದರೆ?

ನನಗೆ ಬಹಳ ಸಿಟ್ಟು ಬಂದಿದೆ. ಸಿಟ್ಟಿಗಿಂತ ಹೆಚ್ಚಾಗಿ ಗೊಂದಲ. ಅದು ಸಿನಿಮಾದ ಅಪ್ಪನಾದರೆ ಆ ಗುನುಗು ಎಲ್ಲಿಂದ ಬಂತು? ಅವನದೂ ಎರಡೇ ಕೈ. ನಾನು ಲೆಕ್ಕ ಹಾಕಿದೆ.

ಗುಬ್ಬಿ


ಜೂನ್ 30

ಅಮ್ಮಾ,

ನಾಲ್ಕು ವಾರವಾಯಿತು. ಪಕ್ಕದ ಅಂಗಡಿಯವರಿಗೆ ಫೋನ್ ಮಾಡಿದೆ. ನೀನು ಚೆನ್ನಾಗಿದ್ದೀಯಂತೆ, ಹೊಲಿಗೆ ಯಂತ್ರದ ಸದ್ದು ಕೇಳಿಸುತ್ತಿದೆಯಂತೆ. ಸರಿ. ನೀನು ಹೇಳದಿದ್ದರೆ ಹೇಳುವವರನ್ನು ಹುಡುಕುತ್ತೇನೆ. ನಮ್ಮ ಸೌಂಡಿನವನು ಆ ಸಿನಿಮಾದ ಧ್ವನಿ ಹಿಡಿದ ಮುದುಕರ ಶಿಷ್ಯನಂತೆ. ವಿಳಾಸ ಕೊಟ್ಟಿದ್ದಾನೆ.

ಗುಬ್ಬಿ


ಜುಲೈ 14

ಬಾಗಿಲು ಪುಟ್ಟಿಗೆ, ಕಿವಿ ಮಾಮನ ಆಶೀರ್ವಾದಗಳು.

ನೀನು ನನ್ನನ್ನು ಹಾಗೆಯೇ ಕರೆಯುತ್ತಿದ್ದೆ. ತಲೆಯ ಮೇಲೆ ಹೆಡ್‌ಫೋನ್ ಇಲ್ಲದೆ ನೀನು ನನ್ನನ್ನು ನೋಡಿಯೇ ಇರಲಿಲ್ಲ. ಒಂದು ದಿನ ಊಟದ ಹೊತ್ತಿನಲ್ಲಿ ತೆಗೆದಿಟ್ಟಾಗ, "ಮಾಮಾ, ನಿಮ್ ಕಿವಿ ಬಿದ್ಹೋಗಿದೆ" ಎಂದು ಅತ್ತುಬಿಟ್ಟಿದ್ದೆ. ಈಗ ಎಪ್ಪತ್ತೆಂಟು. ಕಿವಿ ಇನ್ನೂ ಇದೆ, ಕಣ್ಣು ಹೋಗಿದೆ. ಈ ಕಾಗದವನ್ನು ನಾನು ಹೇಳುತ್ತ ಹೋಗುತ್ತಿದ್ದೇನೆ, ಸೊಸೆ ಬರೆಯುತ್ತಿದ್ದಾಳೆ.

ನೀನು ಕೇಳಿದ ಗುನುಗು ನಿಜ. ನಿನ್ನ ತಲೆ ಕೆಟ್ಟಿಲ್ಲ, ಧೈರ್ಯವಾಗಿರು. ಸೆಟ್ಟಿನಲ್ಲಿ ಹಿಡಿದ ಧ್ವನಿಯನ್ನು ಆಗ ನಾವು ಸಿನಿಮಾಕ್ಕೆ ಬಳಸುತ್ತಿರಲಿಲ್ಲ. ಆಮೇಲೆ ಸ್ಟುಡಿಯೋದಲ್ಲಿ ಮಾತುಗಳನ್ನು ಮತ್ತೆ ಹೇಳಿಸಿ ಕೂಡಿಸುತ್ತಿದ್ದೆವು. ಸೆಟ್ಟಿನ ಟೇಪು ಬರೀ ಗುರುತಿಗೆ, ಕೆಲಸ ಮುಗಿದ ಮೇಲೆ ಅಳಿಸಿಬಿಡುತ್ತಿದ್ದೆವು. ಅದಕ್ಕೆ ಆ ಗುನುಗು ಈಗ ಪ್ರಪಂಚದಲ್ಲಿ ಎಲ್ಲೂ ಇಲ್ಲ, ನಿನ್ನ ತಲೆಯಲ್ಲಿ ಮತ್ತು ನನ್ನ ಕಿವಿಯಲ್ಲಿ ಬಿಟ್ಟರೆ.

ಆ ದೃಶ್ಯದಲ್ಲಿ ನೀನು ನಿದ್ದೆ ಹೋಗಬೇಕಿತ್ತು. ಆರು ಸಲ ತೆಗೆದರೂ ನೀನು ಕೂತಲ್ಲಿ ಕೂರಲಿಲ್ಲ. ಏಳನೇ ಸಲ ಸುಮ್ಮನಾದೆ. ನನ್ನ ಹೆಡ್‌ಫೋನಿನಲ್ಲಿ ಗುನುಗು ಕೇಳಿಸಿತು. "ಯಾರ್ರೀ ಅದು ಹಾಡ್ತಿರೋದು?" ಎಂದು ಕೂಗಲು ಹೊರಟವನನ್ನು ನಿರ್ದೇಶಕರು ಕೈ ಹಿಡಿದು ನಿಲ್ಲಿಸಿ, ಮಂಚದ ಕೆಳಗೆ ಬೆರಳು ತೋರಿಸಿದರು. ಅಲ್ಲಿ ನಿಮ್ಮಮ್ಮ ಅಂಗಾತ ಮಲಗಿದ್ದರು. ಇಳಿಬಿಟ್ಟ ಬಟ್ಟೆಯ ಹಿಂದೆ ಕೈ ಎತ್ತಿ ನಿನ್ನ ಹೆಬ್ಬೆರಳು ಹಿಡಿದುಕೊಂಡಿದ್ದರು.

ಇನ್ನೂ ಒಂದು ಮಾತು ಹೇಳಲೋ ಬೇಡವೋ ಎಂದು ಸೊಸೆಯನ್ನು ಕೇಳಿದೆ. ಹೇಳಿ ಎಂದಳು. ಅದಕ್ಕೆ ಹಿಂದಿನ ವಾರ ಶೂಟಿಂಗ್ ನಿಂತಿತ್ತು. ಮಗುವಿನ ಮನೆಯಲ್ಲಿ ಸಾವು ಎಂದಿದ್ದರು. ಎಂಟನೇ ದಿನ ತಾಯಿ, ಮಗಳು ಇಬ್ಬರೂ ಬಂದಿರಿ. ಗುನುಗು ನಡುನಡುವೆ ಕತ್ತರಿಸಿಹೋಗುತ್ತಿತ್ತು ಎಂದು ಬರೆದಿದ್ದೀಯ. ಮೈಕು ಮಂಚಕ್ಕೆ ಹತ್ತಿರವಿತ್ತು ಪುಟ್ಟಿ, ಕತ್ತರಿಸಿದ್ದು ಯಾಕೆಂದು ನನಗೆ ಕೇಳಿಸಿತ್ತು. ಉಳಿದದ್ದನ್ನು ಅವರನ್ನೇ ಕೇಳು.

ನಿನ್ನ
ಕಿವಿ ಮಾಮ


ಆಗಸ್ಟ್ 3

ಗುಬ್ಬೀ,

ಕಿವಿ ಮಾಮ ನನಗೂ ಒಂದು ಕಾಗದ ಹಾಕಿದ್ದಾರೆ. "ನಿಮ್ಮ ಮಗಳಿಗೆ ಅರ್ಧ ಹೇಳಿದ್ದೇನೆ, ಇನ್ನರ್ಧ ನಿಮ್ಮ ಪಾಲಿನದು" ಎಂದಿದ್ದಾರೆ. ಊರಿಗೆ ಬಂದವಳು ನೀರಿಗೆ ಬರದಿರುತ್ತಾಳೆಯೇ. ಬರೆಯುತ್ತೇನೆ. ಒಂದೇ ಉಸಿರಿನಲ್ಲಿ ಬರೆದುಬಿಡುತ್ತೇನೆ, ನಡುವೆ ಎದ್ದರೆ ಮತ್ತೆ ಕೂರುವುದಿಲ್ಲ.

ಸಿನಿಮಾ ಶುರುವಾಗುವ ಮೊದಲೇ ನಿನ್ನ ಅಪ್ಪ ಹೋದರು ಎಂದು ನಿನಗೆ ಹೇಳುತ್ತ ಬಂದೆ. ಅದು ಸುಳ್ಳು. ಅರ್ಧ ಸಿನಿಮಾ ಆಗಿತ್ತು. ಮೂರು ದಿನದ ಜ್ವರ, ಆಸ್ಪತ್ರೆ, ಅಷ್ಟೇ. ನಿನ್ನನ್ನು ಅತ್ತೆಯ ಮನೆಯಲ್ಲಿ ಬಿಟ್ಟಿದ್ದೆ. ಎಂಟನೇ ದಿನ ಸಿನಿಮಾದವರ ಕಾರು ಬಂತು. ಅವರು ಬಲವಂತ ಮಾಡಲಿಲ್ಲ, ಆ ಪಾಪ ಅವರಿಗೆ ಬೇಡ. ನಾನೇ ಹೊರಟೆ. ಮನೆಯಲ್ಲಿದ್ದರೆ ನೀನು ಅಪ್ಪ ಎಲ್ಲಿ ಎಂದು ಕೇಳುತ್ತೀಯ, ಅಲ್ಲಿ ದೀಪ, ಜನ, ಗಲಾಟೆ, ಕೇಳುವುದಿಲ್ಲ ಎಂದುಕೊಂಡೆ.

ಕಾರಿನಿಂದ ಇಳಿದ ಕೂಡಲೇ ನೀನು ಆ ನಟನ ಹತ್ತಿರ ಓಡಿದೆ. ಅಪ್ಪಾ ಎಂದು ಕರೆದೆ. ಮೊದಲೂ ದೃಶ್ಯ ತೆಗೆಯುವಾಗ ಕರೆಯುತ್ತಿದ್ದೆ, ದೃಶ್ಯ ಮುಗಿದ ಮೇಲೆ ಅಂಕಲ್ ಎನ್ನುತ್ತಿದ್ದೆ. ಆ ದಿನ ಮುಗಿದ ಮೇಲೂ ಅಪ್ಪ ಎಂದೇ ಕರೆದೆ. ಅವರು ನನ್ನ ಮುಖ ನೋಡಿದರು. ಇಲ್ಲ ಮಗು, ಅವರು ಅಂಕಲ್ಲು ಎಂದು ನಾನು ಹೇಳಬೇಕಿತ್ತು. ಹೇಳಲಿಲ್ಲ. ಕರೆಯಲಿ ಬಿಡಿ ಎಂದು ತಲೆಯಾಡಿಸಿದೆ. ಹದಿನೈದು ದಿನ ನೀನು ಅವರ ತಟ್ಟೆಯಲ್ಲಿ ಉಂಡೆ, ಅವರ ಹೆಗಲ ಮೇಲೆ ಮಲಗಿದೆ. ನನಗೆ ಹೊಟ್ಟೆಯುರಿಯುತ್ತಿತ್ತು, ಜೊತೆಗೆ ಹಗುರವೂ ಆಗುತ್ತಿತ್ತು. ಆ ಎರಡೂ ಒಟ್ಟಿಗೆ ಹೇಗಾಗುತ್ತದೆ ಎಂದು ನನಗೆ ಇವತ್ತಿಗೂ ಗೊತ್ತಿಲ್ಲ.

ಶೂಟಿಂಗ್ ಮುಗಿದ ದಿನ ಅವರು ಕಾರು ಹತ್ತಿ ಹೋದರು. ನೀನು ಗೇಟಿನವರೆಗೆ ಓಡಿ ಬಿದ್ದು ಮಂಡಿ ತರಚಿಕೊಂಡೆ. ಎರಡು ದಿನ ಅನ್ನ ಮುಟ್ಟಲಿಲ್ಲ. ಆಮೇಲೆ ನಾನು ಧೈರ್ಯ ಮಾಡಿ ನಿನ್ನನ್ನು ಕೂರಿಸಿಕೊಂಡು ಅಪ್ಪ ಇನ್ನು ಬರುವುದಿಲ್ಲ ಎಂದೆ. ನೀನು "ಗೊತ್ತು, ಕಾರಲ್ಲಿ ಹೋದ್ರು" ಎಂದೆ. ಅಲ್ಲಿಗೆ ಮುಗಿಯಿತು. ನೀನು ಅತ್ತದ್ದೆಲ್ಲ ಅವರಿಗಾಗಿ ಗುಬ್ಬಿ. ನನ್ನ ಗಂಡನಿಗಾಗಿ ನೀನು ಅತ್ತೇ ಇಲ್ಲ. ಆ ಅಳುವನ್ನು ನಾನೇ ತೆಗೆದು ಬೇರೆಯವರಿಗೆ ಕೊಟ್ಟುಬಿಟ್ಟೆ. ಇದು ನನ್ನನ್ನು ಕೊರೆಯದ ದಿನವಿಲ್ಲ. ಅದಕ್ಕೇ ನೀನು ಮಾರ್ಚಿನಲ್ಲಿ ಬರೆದಾಗ, ಒಂದು ನೆನಪಾದರೂ ಅವರ ಲೆಕ್ಕಕ್ಕೆ ಇರಲಿ ಎಂದು ತೇಪೆ ಹಾಕಿದೆ. ಒಂದು ತೇಪೆಗೆ ಇನ್ನೊಂದು ತೇಪೆ ಬೇಕಾಯಿತು.

ಈಗ ರಾಗದ ವಿಷಯ. ಮಂಚದ ಕೆಳಗೆ ಗುನುಗಿದ್ದು ನಾನು. ಆದರೆ ಅದು ನನ್ನ ರಾಗವಲ್ಲ. ನಿನ್ನ ಅತ್ತೆ ಹೇಳಿದ್ದೇ ನಿಜ, ನಿನ್ನ ಅಪ್ಪನಿಗೆ ಸ್ವರಜ್ಞಾನ ಎಳ್ಳಷ್ಟೂ ಇರಲಿಲ್ಲ. ಆದರೂ ದಿನಾ ನಿನ್ನನ್ನು ಮಲಗಿಸುವಾಗ ಅದೊಂದನ್ನು ಗುನುಗುತ್ತಿದ್ದರು. ಎಲ್ಲಿ ಕೇಳಿದ್ದರೋ, ತಾವೇ ಕಟ್ಟಿದ್ದರೋ, ಕೇಳಿದರೆ "ಗಡಿಯಾರ ಕಲಿಸ್ತು" ಎನ್ನುತ್ತಿದ್ದರು. ನಾಲ್ಕನೇ ತಿರುವಿನಲ್ಲಿ ಜಾರುತ್ತಿದ್ದರು. ನಾನು ನಕ್ಕು ಸರಿಯಾಗಿ ಹಾಡಿ ತೋರಿಸಿದರೆ ನೀನು ಕಣ್ಣು ಬಿಟ್ಟು ಅಳುತ್ತಿದ್ದೆ. ನಿನಗೆ ತಪ್ಪೇ ಬೇಕಿತ್ತು. ಆ ದಿನ ಮಂಚದ ಕೆಳಗೆ ನಾನು ಅವರಂತೆಯೇ ತಪ್ಪಿ ಹಾಡಿದೆ. ಅಲ್ಲಿಗೆ ಬಂದಾಗಲೆಲ್ಲ ನನ್ನ ಉಸಿರು ಕಟ್ಟುತ್ತಿತ್ತು. ಕತ್ತರಿಸಿದ್ದು ಅದಕ್ಕೇ.

ಇಷ್ಟೂ ನಿಜ. ಆದರೆ ಇಪ್ಪತ್ತೊಂಬತ್ತು ವರ್ಷ ಒಬ್ಬಳೇ ಗುನುಗಿ ಗುನುಗಿ, ಅವರು ಅಷ್ಟೇ ಜಾರುತ್ತಿದ್ದರೋ, ನಾನು ಸ್ವಲ್ಪ ಹೆಚ್ಚು ಜಾರಿಸಿದ್ದೇನೋ, ನನಗೇ ಗೊತ್ತಾಗುತ್ತಿಲ್ಲ. ಕೇಳೋಣವೆಂದರೆ ಅವರಿಲ್ಲ. ಹಾಳೆಯಲ್ಲಿ ಏನು ಬರೆಯಬೇಕೆಂದು ನಾನು ಹೇಳಲಾರೆ.

ಬೈದು ಬರೆದರೂ ಸರಿ, ಬರೆ.

ಅಮ್ಮ


ಆಗಸ್ಟ್ 20

ಅಮ್ಮಾ,

ಬೈಯಲು ಮೂರು ಸಲ ಕೂತೆ. ಮೂರು ಹಾಳೆ ಹರಿದೆ. ಸಿಟ್ಟು ಹೋಗಿಲ್ಲ, ಅದನ್ನು ಮುಚ್ಚಿಡುವುದಿಲ್ಲ. ನೀನು ನನಗೆ ಹತ್ತು ವರ್ಷಕ್ಕೆ ಹೇಳಬಹುದಿತ್ತು, ಇಪ್ಪತ್ತಕ್ಕೆ ಹೇಳಬಹುದಿತ್ತು. ಆದರೆ ನೀನು ನೆಲದ ಮೇಲೆ ಅಂಗಾತ ಮಲಗಿ ಕೈ ಎತ್ತಿಕೊಂಡಿದ್ದನ್ನು ನೆನೆಸಿಕೊಂಡರೆ ಸಿಟ್ಟು ಅರ್ಧ ದಾರಿಯಲ್ಲೇ ನಿಲ್ಲುತ್ತದೆ. ಎಷ್ಟು ಹೊತ್ತು ಹಾಗೆ ಕೈ ಎತ್ತಿಕೊಂಡಿದ್ದೆ? ಕೈ ಸೋಲಲಿಲ್ಲವೇ?

ನಿನ್ನೆ ಅಭ್ಯಾಸದ ನಡುವೆ ಇದ್ದಕ್ಕಿದ್ದಂತೆ ಅಳು ಬಂತು. ಯಾರಿಗಾಗಿ ಎಂದು ಗೊತ್ತಾಗಲಿಲ್ಲ. ಗಡಿಯಾರದ ಅಪ್ಪನಿಗೋ, ಕಾರಿನ ಅಪ್ಪನಿಗೋ, ಮಂಚದ ಕೆಳಗಿನವಳಿಗೋ. ದೊಡ್ಡಕ್ಕ ನೀರು ಕೊಟ್ಟಳು. ಎಲ್ಲ ಹೇಳಿದೆ. ಅವಳು, "ಬೆಣ್ಣೆ ಕೈಯಲ್ಲಿಟ್ಕೊಂಡು ತುಪ್ಪಕ್ಕೆ ಊರೆಲ್ಲ ಅಲೆದೆಯಲ್ಲೇ" ಎಂದಳು. ಆಮೇಲೆ ತಾನೇ ಹೇಳಿದಳು, "ನಾಲ್ಕನೇ ತಿರುವು ಸರಿ ಮಾಡ್ಬೇಡ. ಇದ್ದ ಹಾಗೇ ಇರ್ಲಿ." ಕೀರಲು ಉಸಿರಿನ ಸರದಿ ಹಾಕಿದಳು. ನಾನು ಒಬ್ಬಳೇ ಹಾಡುತ್ತೇನೆ. ಆ ಕತ್ತರಿಸುವ ಜಾಗ ಬಂದಾಗ ಮಾತ್ರ ಅವರಿಬ್ಬರೂ ಮೆಲ್ಲಗೆ ಹಿಡಿದುಕೊಳ್ಳುತ್ತಾರೆ, ನಾನು ಉಸಿರು ತೆಗೆದುಕೊಂಡು ಬರುವವರೆಗೆ.

ಹಾಳೆಯಲ್ಲಿ ಮೊದಲು 'ಮೂವರದು' ಎಂದು ಬರೆದೆ. ಮ್ಯಾನೇಜರ್ ಒಪ್ಪಲಿಲ್ಲ. ಹೊಡೆದುಹಾಕಿ 'ನಮ್ಮ ಮನೆಯದು' ಎಂದು ಬರೆದೆ. ತಲೆ ಚಚ್ಚಿಕೊಂಡು ತೆಗೆದುಕೊಂಡು ಹೋದ.

ನಾವು ನಿಲ್ಲುವ ಮರದ ಅಟ್ಟ ಎರಡಡಿ ಎತ್ತರವಿದೆ, ಸುತ್ತ ಕಪ್ಪು ಬಟ್ಟೆ. ಕೆಳಗೆ ಜಾಗವೂ ಇದೆ. ನಾನು ಬರಿಗಾಲಲ್ಲಿ ಹಾಡುತ್ತೇನೆ. ಟಿಕೆಟ್ ಇದರ ಜೊತೆ ಇಟ್ಟಿದ್ದೇನೆ.

ನಿನ್ನ
ಗುಬ್ಬಿ


ಸೆಪ್ಟೆಂಬರ್ 23

ಗುಬ್ಬೀ,

ಮನೆ ಮುಟ್ಟಿದೆ. ಅಂಗಡಿಯ ಬಾಗಿಲು ತೆಗೆಯುವ ಮೊದಲೇ ಮೂರು ಜನ ಪ್ಯಾಂಟು ಹಿಡಿದು ನಿಂತಿದ್ದರು. ಕಾಯಲಿ ಎಂದು ಬರೆಯಲು ಕೂತಿದ್ದೇನೆ. ಬಸ್ ನಿಲ್ದಾಣದಲ್ಲಿ ಹೇಳಬೇಕೆಂದಿದ್ದೆ, ಅಷ್ಟರಲ್ಲಿ ಬಸ್ಸು ಹೊರಟಿತು, ನಿನಗೂ ಡಾಕ್ಟರು ಮತ್ತೆ ಬಾಯಿಗೆ ಬೀಗ ಹಾಕಿಸಿದ್ದರು.

ಅರವತ್ತೆರಡನೇ ವಯಸ್ಸಿನಲ್ಲಿ ನನ್ನನ್ನು ಅಟ್ಟದ ಕೆಳಗೆ ತೂರಿಸಲು ನಿನ್ನ ಇಬ್ಬರು ಗೆಳತಿಯರೂ ಆ ಸೌಂಡಿನವನೂ ಸೇರಿ ಪಟ್ಟ ಪಾಡು ನೋಡಿ ನಿನ್ನ ಯಜಮಾನಿ ಕಾರ್ಯಕ್ರಮಕ್ಕೆ ಅಣಿಯಾಗುವುದನ್ನೇ ಮರೆತು ನಿಂತಿದ್ದಳು. ಮಂಡಿ ಇವತ್ತೂ ನೋಯುತ್ತಿದೆ. ಆ ಗದ್ದಲದಲ್ಲಿ ಕಿವಿಯ ಯಂತ್ರ ಕುಯ್ ಎಂದು ಹುಚ್ಚೆದ್ದಿತು. ತೆಗೆದು ಸೆರಗಿನ ತುದಿಗೆ ಗಂಟು ಹಾಕಿದೆ. ಹಾಗಾಗಿ ನಿಜ ಹೇಳುತ್ತೇನೆ, ನಿನ್ನ ಹಾಡು ನನ್ನ ಕಿವಿಗೆ ಕೇಳಿಸಲಿಲ್ಲ.

ಆದರೆ ಹಲಗೆಯಲ್ಲಿ ಬಂತು. ಒಂದು ಕೈ ಹಲಗೆಗೆ ಒತ್ತಿ ಹಿಡಿದಿದ್ದೆ, ಇನ್ನೊಂದು ಕೈ ಕಪ್ಪು ಬಟ್ಟೆಯ ಸಂದಿಯಿಂದ ಎತ್ತಿದ್ದೆ. ಒಂದು, ಎರಡು, ಮೂರನೇ ತಿರುವು ಆಯಿತು. ನಾಲ್ಕರಲ್ಲಿ ಹಲಗೆಯ ನಡುಕ ಕೆಳಗೆ ಇಳಿಯಿತು. ಆಮೇಲೆ ನೀನು ನಿಂತೆ. ನಿಂತದ್ದು ನನಗೆ ಗೊತ್ತಾಯಿತು, ನನ್ನ ಕೈಯೊಳಗಿನ ನಿನ್ನ ಹೆಬ್ಬೆರಳು ಬಿಗಿಯಾಯಿತು. ಆದರೆ ಹಲಗೆ ಸುಮ್ಮನಾಗಲಿಲ್ಲ. ಅವರಿಬ್ಬರೂ ಹಿಡಿದುಕೊಂಡಿದ್ದರು. ನಾನು ಮಂಚದ ಕೆಳಗೆ ಕತ್ತರಿಸಿದಾಗ ಹಿಡಿದುಕೊಳ್ಳುವವರು ಯಾರೂ ಇರಲಿಲ್ಲ ಗುಬ್ಬಿ. ಮತ್ತೆ ನೀನು ಶುರು ಮಾಡಿದೆ. ನಾನು ಅಲ್ಲಿ ಕತ್ತಲಲ್ಲಿ ಚೆನ್ನಾಗಿ ಅತ್ತೆ. ಈ ಸಲ ಬಾಯಿ ಮುಚ್ಚಿಕೊಳ್ಳಲಿಲ್ಲ. ಮೈಕು ಎಲ್ಲಿತ್ತೋ ಗೊತ್ತಿಲ್ಲ, ಯಾರಿಗಾದರೂ ಕೇಳಿಸಿದ್ದರೆ ನನ್ನ ಹೆಸರು ಹೇಳು.

ನೀನು ಅಲ್ಲಿ ತಪ್ಪಿದೆ. ಸರಿಯಾಗಿ ತಪ್ಪಿದೆ. ಅವರು ಜಾರುತ್ತಿದ್ದದ್ದು ಅಷ್ಟೇನೋ ಎಂದು ನನಗೆ ಒಂದು ಕ್ಷಣ ಅನ್ನಿಸಿತು. ಆಮೇಲೆ ಮತ್ತೆ ಅನುಮಾನ ಬಂತು. ಇರಲಿ.

ನಿನ್ನ ಎಡಗಾಲು ತಣ್ಣಗಿತ್ತು. ಕಾಲುಚೀಲ ಹಾಕಿಕೊ.

ಅಮ್ಮ